ಬಣ್ಣದಿಂದ ವಖಾರಿಯ ಧೂಳಿಗೆ: ನವರೋಜ್ ಕಾಂಟ್ರಾಕ್ಟರ್ ಕ್ಯಾಮೆರಾ ನಡೆದ ದಾರಿ

ಕನ್ನಡದ ಹೊಸ ಅಲೆಯ ಸಿನಿಮಾದ ಚರಿತ್ರೆಯನ್ನು ನಾವು ಸಾಮಾನ್ಯವಾಗಿ ಸಾಹಿತ್ಯದ ಕಡೆಯಿಂದ ಹೇಳಿಕೊಂಡು ಬಂದಿದ್ದೇವೆ. 1970ರ ‘ಸಂಸ್ಕಾರ’ದ ಹಿಂದೆ ಅನಂತಮೂರ್ತಿಯವರ ಕಾದಂಬರಿ, 1975ರ ‘ಚೋಮನ ದುಡಿ’ಯ ಹಿಂದೆ ಶಿವರಾಮ ಕಾರಂತರು, 1977ರ ‘ಘಟಶ್ರಾದ್ಧ’ದ ಹಿಂದೆ ಮತ್ತೆ ಅನಂತಮೂರ್ತಿಯವರ ಕಥೆ. ಹೀಗೆ ಪುಸ್ತಕದಿಂದ ತೆರೆಗೆ ಬಂದ ದಾರಿ ನಮಗೆ ಚೆನ್ನಾಗಿ ಗೊತ್ತು. ಆದರೆ ಅದೇ ಕಾಲದಲ್ಲಿ ಬಣ್ಣ ಮತ್ತು ಕುಂಚದ ಕಡೆಯಿಂದ ಸಿನಿಮಾಕ್ಕೆ ಬಂದವರೂ ಇದ್ದರು. ‘ಸಂಸ್ಕಾರ’ದ ಕಲಾ ನಿರ್ದೇಶನ ಮಾಡಿದವರು ಚಿತ್ರಕಲಾವಿದ ಎಸ್.ಜಿ. ವಾಸುದೇವ್ ಎಂಬುದನ್ನು ನೆನೆದರೆ ಸಾಕು. ಈ ಎರಡನೆಯ ದಾರಿಯಲ್ಲಿ ಬಂದು, ಅಲ್ಲಿಂದ ಇನ್ನೂ ಮುಂದೆ ನಡೆದು, ಕೂಲಿಕಾರ ಹೆಂಗಸರ ಪಕ್ಕದಲ್ಲಿ ಕ್ಯಾಮೆರಾ ಇಟ್ಟ ಒಬ್ಬರ ಬಗ್ಗೆ ಇಲ್ಲಿ ಬರೆಯುತ್ತಿದ್ದೇನೆ. ಅವರು ನವರೋಜ್ ಕಾಂಟ್ರಾಕ್ಟರ್. ಗುಜರಾತಿನಿಂದ ಬಂದು ಬೆಂಗಳೂರನ್ನು ಊರಾಗಿಸಿಕೊಂಡವರು. ಚಿತ್ರಕಲೆಯ ವಿದ್ಯಾರ್ಥಿ, ಛಾಯಾಗ್ರಾಹಕ, ಜಾಝ್ ಸಂಗೀತದ ಹುಚ್ಚಿದ್ದವರು, ಮೋಟಾರ್ ಸೈಕಲ್ಲಿನ ಮೇಲೆ ಬರೆದವರು. 2023ರ ಜೂನ್‌ನಲ್ಲಿ ಹೊಸೂರಿನ ಬಳಿ ಬೈಕ್ ಅಪಘಾತದಲ್ಲಿ ತೀರಿಕೊಂಡರು.

ಚಿತ್ರಕಾರನೊಬ್ಬ ಸಾಕ್ಷ್ಯಚಿತ್ರಕ್ಕೆ ಬಂದ ಕೂಡಲೇ ನಾವು ಅದನ್ನು ಒಂದು ತ್ಯಾಗದ ಕಥೆಯಾಗಿ ಹೇಳಲು ಹೊರಡುತ್ತೇವೆ: ಕಲೆಯನ್ನು ಬಿಟ್ಟು ಸಮಾಜವನ್ನು ಆರಿಸಿಕೊಂಡರು ಎಂದು. ಕಾಂಟ್ರಾಕ್ಟರ್ ಅವರ ಕೆಲಸವನ್ನು ಕಾಲಕ್ರಮದಲ್ಲಿ ಇಟ್ಟು ನೋಡಿದರೆ ಈ ಮಾತು ನಿಲ್ಲುವುದಿಲ್ಲ. ಅವರು ಬಿಟ್ಟಿದ್ದು ಕಲೆಯನ್ನಲ್ಲ. ಚೌಕಟ್ಟು ಸಂಪೂರ್ಣ ತನ್ನದೇ ಎಂಬ ಕಲಾವಿದನ ಹಕ್ಕನ್ನು ಮಾತ್ರ. ಆ ಹಕ್ಕನ್ನು ಯಾರಿಗೆ, ಹೇಗೆ ಬಿಟ್ಟುಕೊಟ್ಟರು ಎಂಬುದೇ ಈ ದಾರಿಯ ಚರಿತ್ರೆ.

ಮೊದಲು ಅವರು ಕಲಿತ ಜಾಗವನ್ನು ನೋಡೋಣ. ಬರೋಡಾದ ಮಹಾರಾಜ ಸಯಾಜಿರಾವ್ ವಿಶ್ವವಿದ್ಯಾಲಯದ ಲಲಿತಕಲಾ ವಿಭಾಗ ಸ್ವಾತಂತ್ರ್ಯಾನಂತರದ ಭಾರತದಲ್ಲಿ ಕಲಾಶಿಕ್ಷಣದ ಹೊಸ ಪ್ರಯೋಗವಾಗಿತ್ತು. ಎನ್.ಎಸ್. ಬೇಂದ್ರೆ, ಕೆ.ಜಿ. ಸುಬ್ರಮಣ್ಯನ್, ಜ್ಯೋತಿ ಭಟ್ ಅಂಥವರು ಅಲ್ಲಿ ಪಾಠ ಹೇಳಿದರು. ಹಳ್ಳಿಯ ಕುಶಲಕರ್ಮಿಯ ಕೆಲಸವೂ ಕಲೆಯೇ, ಅದನ್ನು ಮ್ಯೂಸಿಯಮ್ಮಿನ ಗಾಜಿನೊಳಗೆ ನೋಡಿ ಕಲಿಯುವುದಲ್ಲ ಎಂಬ ವಿಚಾರ ಸುಬ್ರಮಣ್ಯನ್ ಅವರಲ್ಲಿ ಗಟ್ಟಿಯಾಗಿತ್ತು. ಜ್ಯೋತಿ ಭಟ್ ಅವರಂತೂ 1960ರ ದಶಕದ ಕೊನೆಯ ವರ್ಷಗಳಿಂದ ಕ್ಯಾಮೆರಾ ಹಿಡಿದು ಗುಜರಾತ್, ರಾಜಸ್ಥಾನದ ಹಳ್ಳಿಗಳ ಗೋಡೆ ಚಿತ್ರ, ರಂಗೋಲಿ, ಹಚ್ಚೆಗಳನ್ನು ದಾಖಲಿಸತೊಡಗಿದರು. ಚಿತ್ರಕಾರ ಕ್ಯಾಮೆರಾ ಹಿಡಿದರೆ ಜಾತಿ ಕೆಡುವುದಿಲ್ಲ ಎಂಬ ಮಾತು ಬರೋಡಾದಲ್ಲಿ ಆಗಲೇ ಸಹಜವಾಗಿತ್ತು. ಕಾಂಟ್ರಾಕ್ಟರ್ ಅಲ್ಲಿ ಚಿತ್ರಕಲೆ ಮತ್ತು ಛಾಯಾಗ್ರಹಣ ಕಲಿತು, ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟ್‌ನಲ್ಲಿ ಸಿನಿಮಾ ಛಾಯಾಗ್ರಹಣದ ಅಭ್ಯಾಸ ಮಾಡಿದರು.

ಆ ವರ್ಷಗಳಲ್ಲಿ ಸಿನಿಮಾಕ್ಕೆ ಕೈಹಾಕಿದ ಚಿತ್ರಕಾರರು ಬೇರೆಯವರೂ ಇದ್ದರು. 1967ರಲ್ಲಿ ಎಂ.ಎಫ್. ಹುಸೇನ್ ಫಿಲ್ಮ್ಸ್ ಡಿವಿಜನ್‌ಗಾಗಿ ‘ಥ್ರೂ ದಿ ಐಸ್ ಆಫ್ ಎ ಪೇಂಟರ್’ ಮಾಡಿದರು. ರಾಜಸ್ಥಾನದ ಕೋಟೆ, ಬೀದಿ, ಕೊಡೆ, ಚಪ್ಪಲಿ, ಲಾಂದ್ರಗಳ ಸಾಲು; ಅದಕ್ಕೊಂದು ಕಥೆಯಿಲ್ಲ. ಬರ್ಲಿನ್ ಚಿತ್ರೋತ್ಸವದಲ್ಲಿ ಕಿರುಚಿತ್ರ ವಿಭಾಗದ ಚಿನ್ನದ ಕರಡಿ ಅದಕ್ಕೆ ಬಂತು. 1970ರಲ್ಲಿ ತೈಯಬ್ ಮೆಹ್ತಾ ‘ಕೂಡಲ್’ ತೆಗೆದರು. ಅಕ್ಬರ್ ಪದಮ್‌ಸೀ ಮುಂಬೈಯಲ್ಲಿ ಚಿತ್ರಕಾರರೂ ಸಿನಿಮಾದವರೂ ಒಟ್ಟಿಗೆ ಕೆಲಸ ಮಾಡುವ ಒಂದು ಕಮ್ಮಟವನ್ನೇ ನಡೆಸಿದರು. ಇವೆಲ್ಲ ದೊಡ್ಡ ಕೆಲಸಗಳೇ. ಆದರೆ ಹುಸೇನರ ಚಿತ್ರದ ಹೆಸರೇ ಹೇಳುವಂತೆ ಅಲ್ಲಿ ಕಣ್ಣು ಚಿತ್ರಕಾರನದು. ಎದುರಿಗಿರುವ ಮನುಷ್ಯರು ಕಾಣುತ್ತಾರೆ, ಮಾತಾಡುವುದಿಲ್ಲ.

ಕಾಂಟ್ರಾಕ್ಟರ್ ಅವರ ಮೊದಲ ದೊಡ್ಡ ಕೆಲಸವೂ ಈ ವಲಯದ್ದೇ. ಮಣಿ ಕೌಲ್ ಅವರ ‘ದುವಿಧಾ’ (1973). ವಿಜಯದಾನ್ ದೇಥಾ ಬರೆದ ರಾಜಸ್ಥಾನಿ ಕಥೆ. ಮದುವೆಯಾದ ಮರುದಿನವೇ ವ್ಯಾಪಾರಕ್ಕೆಂದು ಹೊರಟುಹೋಗುವ ಗಂಡ, ಅವನ ರೂಪದಲ್ಲಿ ಮನೆಗೆ ಬರುವ ಭೂತ, ಇಬ್ಬರ ನಡುವೆ ಸಿಕ್ಕ ಹೆಣ್ಣು. ಚಿತ್ರೀಕರಣ ನಡೆದದ್ದು ದೇಥಾ ಅವರ ಊರಾದ ಬೋರುಂದಾದಲ್ಲಿ. ಹಣದ ನೆರವು ಕೊಟ್ಟವರಲ್ಲಿ ಅಕ್ಬರ್ ಪದಮ್‌ಸೀ ಒಬ್ಬರು. ಕ್ಯಾಮೆರಾ 16 ಎಂಎಂನ ಬೋಲೆಕ್ಸ್.

ಈ ಬೋಲೆಕ್ಸ್ ಬಗ್ಗೆ ಎರಡು ಮಾತು ಹೇಳಬೇಕು. ಅದು ಕೀ ಕೊಟ್ಟು ಓಡಿಸುವ ಯಂತ್ರ, ಹಳೆಯ ಗೋಡೆ ಗಡಿಯಾರದ ಹಾಗೆ. ಒಮ್ಮೆ ಪೂರ್ತಿ ಕೀ ಕೊಟ್ಟರೆ ಸುಮಾರು 28 ಸೆಕೆಂಡು ಓಡಿ ನಿಲ್ಲುತ್ತದೆ. ನೂರು ಅಡಿಯ ಒಂದು ಸುರುಳಿ ಮೂರು ನಿಮಿಷವೂ ಬರುವುದಿಲ್ಲ. ಸದ್ದು ಬೇರೆ ಇರುವುದರಿಂದ ಚಿತ್ರದ ಜೊತೆಯಲ್ಲೇ ಮಾತು ಹಿಡಿಯುವುದು ಕಷ್ಟ. ಇಂಥ ಯಂತ್ರದಲ್ಲಿ ಕೆಲಸ ಮಾಡುವವರು ಒಂದೊಂದು ಚೌಕಟ್ಟನ್ನೂ ಮೊದಲೇ ಮನಸ್ಸಿನಲ್ಲಿ ಬರೆದುಕೊಂಡಿರಬೇಕು. ‘ದುವಿಧಾ’ ನೋಡಿದವರಿಗೆ ಇದು ಗೊತ್ತಾಗುತ್ತದೆ. ಬಿಳಿ ಗೋಡೆ, ಕೆಂಪು ಸೆರಗು, ಅಲುಗದೆ ನಿಂತ ಮುಖ. ಮಿನಿಯೇಚರ್ ಚಿತ್ರಗಳ ಪುಟ ಮಗುಚಿದ ಹಾಗೆ. ಮಣಿ ಕೌಲ್ ಅವರಿಗೆ ಆ ವರ್ಷದ ಶ್ರೇಷ್ಠ ನಿರ್ದೇಶನದ ರಾಷ್ಟ್ರಪ್ರಶಸ್ತಿ ಬಂತು. ಹೆಣ್ಣೊಬ್ಬಳ ಇಕ್ಕಟ್ಟಿನ ಬಗ್ಗೆ ಅಷ್ಟು ಸೂಕ್ಷ್ಮವಾದ ಚಿತ್ರ ಅದು. ಆದರೂ ಅವಳು ಎಲ್ಲಿ ನಿಲ್ಲಬೇಕು, ಎಷ್ಟು ಹೊತ್ತು ನಿಲ್ಲಬೇಕು ಎಂಬುದನ್ನು ನಿರ್ಧರಿಸುವವರು ಕ್ಯಾಮೆರಾದ ಹಿಂದಿನವರು.

ಏಳು ವರ್ಷದ ನಂತರ ಈ ಸಂಬಂಧ ಬದಲಾಯಿತು. ಅದಕ್ಕೆ ಕಾಲವೂ ಕಾರಣ. ತುರ್ತು ಪರಿಸ್ಥಿತಿ 1977ರಲ್ಲಿ ಮುಗಿದ ಮೇಲೆ ದೇಶದಲ್ಲೆಲ್ಲ ಹೊಸ ಸಂಘಟನೆಗಳು ಎದ್ದವು. ಕರ್ನಾಟಕದಲ್ಲಿ ದಲಿತ ಸಂಘರ್ಷ ಸಮಿತಿ ಊರೂರಿಗೆ ಹಬ್ಬುತ್ತಿತ್ತು. ‘ಸಮುದಾಯ’ ಜಾಥಾಗಳನ್ನು ಹೊರಡಿಸಿತು. 1979ರಲ್ಲಿ ಬಂಡಾಯ ಸಾಹಿತ್ಯ ಸಂಘಟನೆ ಹುಟ್ಟಿತು. ನಮ್ಮ ತುಮಕೂರು ಜಿಲ್ಲೆಯವರೇ ಆದ ಬರಗೂರು ರಾಮಚಂದ್ರಪ್ಪನವರು ಅದರ ಮುಂಚೂಣಿಯಲ್ಲಿದ್ದರು. 1980ರಲ್ಲಿ ನರಗುಂದ, ನವಲಗುಂದದ ರೈತ ಬಂಡಾಯ ನಡೆಯಿತು. ಅದೇ ಹೊತ್ತಿಗೆ ಮಥುರಾ ಅತ್ಯಾಚಾರ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಪೊಲೀಸರನ್ನು ಬಿಡುಗಡೆ ಮಾಡಿದ್ದನ್ನು ಪ್ರಶ್ನಿಸಿ ನಾಲ್ವರು ಕಾನೂನು ಅಧ್ಯಾಪಕರು ಬಹಿರಂಗ ಪತ್ರ ಬರೆದರು. ಅದರ ಹಿಂದೆಯೇ ಮಹಿಳಾ ಚಳವಳಿ ಬೀದಿಗೆ ಬಂತು. ಬೆಂಗಳೂರಿನಲ್ಲಿ ‘ವಿಮೋಚನಾ’, ಹೈದರಾಬಾದಿನಲ್ಲಿ ‘ಸ್ತ್ರೀ ಶಕ್ತಿ ಸಂಘಟನ’ ಈ ಕಾಲದವು.

1980ರಲ್ಲಿ ಬೆಂಗಳೂರಿನಲ್ಲಿ ದೀಪಾ ಧನರಾಜ್, ಆಭಾ ಭಯ್ಯಾ, ಮೀರಾ ರಾವ್ ಮತ್ತು ನವರೋಜ್ ಕಾಂಟ್ರಾಕ್ಟರ್ ಸೇರಿ ‘ಯುಗಾಂತರ’ ಎಂಬ ತಂಡ ಕಟ್ಟಿದರು. ಭಾರತದ ಮೊದಲ ಸ್ತ್ರೀವಾದಿ ಸಿನಿಮಾ ತಂಡ ಎಂದು ಅದನ್ನು ಈಗ ಗುರುತಿಸುತ್ತಾರೆ. ಮೂವರು ಹೆಂಗಸರು, ಒಬ್ಬ ಗಂಡಸು. ಕ್ಯಾಮೆರಾ ಆ ಗಂಡಸಿನ ಕೈಯಲ್ಲಿ. ಕಾಂಟ್ರಾಕ್ಟರ್ ಮತ್ತು ದೀಪಾ ಧನರಾಜ್ ಬಾಳಸಂಗಾತಿಗಳೂ ಹೌದು. ಮೂರ್ನಾಲ್ಕು ವರ್ಷದಲ್ಲಿ ತಂಡದಿಂದ ನಾಲ್ಕು ಚಿತ್ರಗಳು ಬಂದವು. ಪುಣೆಯ ಮನೆಗೆಲಸದ ಹೆಂಗಸರ ಸಂಘಟನೆ ಕುರಿತ ‘ಮೋಲ್ಕರೀಣ್’ (1981), ನಿಪ್ಪಾಣಿಯ ತಂಬಾಕು ಕಾರ್ಮಿಕರ ಬಗ್ಗೆ ‘ತಂಬಾಖೂ ಚಾಕಿಲಾ ಊಬ್ ಆಲೀ’ (1982), ಹೈದರಾಬಾದಿನ ಸ್ತ್ರೀ ಶಕ್ತಿ ಸಂಘಟನೆಯ ಜೊತೆ ಕೌಟುಂಬಿಕ ಹಿಂಸೆಯ ಬಗ್ಗೆ ತೆಲುಗಿನಲ್ಲಿ ಮಾಡಿದ ‘ಇದಿ ಕಥಾ ಮಾತ್ರಮೇನಾ’ (1983), ಚಿಪ್ಕೋ ಚಳವಳಿಯ ಹೆಣ್ಣುಮಗಳೊಬ್ಬಳನ್ನು ಕುರಿತ ‘ಸುದೇಶಾ’ (1983). ಎಲ್ಲವೂ ಅರ್ಧ ಗಂಟೆಯ ಆಸುಪಾಸಿನವು.

ಇವುಗಳಲ್ಲಿ ನಿಪ್ಪಾಣಿಯ ಚಿತ್ರ ಕನ್ನಡದವರಾದ ನಮಗೆ ಹತ್ತಿರದ್ದು. ಬೆಳಗಾವಿ ಜಿಲ್ಲೆಯ ಗಡಿಯ ಈ ಊರು ಪುಣೆ–ಬೆಂಗಳೂರು ಹೆದ್ದಾರಿಯ ಮೇಲಿದೆ. ಬೀಡಿಗೆ ಬೇಕಾದ ತಂಬಾಕಿಗೆ ಹೆಸರುವಾಸಿ. ಕರಾವಳಿಯಲ್ಲೋ ನಮ್ಮ ತುಮಕೂರಿನಲ್ಲೋ ಮೊರ ಮಡಿಲಲ್ಲಿಟ್ಟುಕೊಂಡು ಬೀಡಿ ಕಟ್ಟುವ ಹೆಂಗಸು ಸರಪಳಿಯ ಒಂದು ತುದಿಯಾದರೆ, ಆ ಪುಡಿಯನ್ನು ಬಡಿದು, ಜರಡಿಯಾಡಿ, ಹದಮಾಡಿ ಕಳಿಸುವ ವಖಾರಿಯ ಹೆಂಗಸು ಇನ್ನೊಂದು ತುದಿ. 1981ರಲ್ಲಿ ಶರದ್ ಜೋಶಿಯವರ ನಾಯಕತ್ವದಲ್ಲಿ ತಂಬಾಕು ಬೆಳೆಗಾರರು ನಿಪ್ಪಾಣಿಯಲ್ಲಿ ಹೆದ್ದಾರಿ ತಡೆದು ಕೂತರು. ಪೊಲೀಸರ ಗುಂಡಿಗೆ ರೈತರು ಬಲಿಯಾದರು. ಆ ಸುದ್ದಿ ದೇಶಕ್ಕೆಲ್ಲ ಮುಟ್ಟಿತು. ಆದರೆ ಹೆದ್ದಾರಿಯಿಂದ ಒಳಗೆ, ವಖಾರಿಗಳ ಬಾಗಿಲ ಹಿಂದೆ, ಸಾವಿರಾರು ಹೆಂಗಸರು ತಮ್ಮದೇ ಯೂನಿಯನ್ ಕಟ್ಟಿಕೊಂಡು ಕೂಲಿ, ಕೆಲಸದ ಹೊತ್ತು, ಮರ್ಯಾದೆಗಾಗಿ ಹೋರಾಡುತ್ತಿದ್ದರು. ರಸ್ತೆಯ ಮೇಲಿನ ಹೋರಾಟಕ್ಕೆ ಫೋಟೋ ಸಿಗುತ್ತದೆ. ಬಾಗಿಲ ಒಳಗಿನದಕ್ಕೆ ಸಿಗುವುದಿಲ್ಲ.

ಯುಗಾಂತರದವರು ಹೋದದ್ದು ಈ ಬಾಗಿಲ ಒಳಗೆ. ಬಂದು ಎರಡು ದಿನ ಚಿತ್ರೀಕರಿಸಿ ಹೋದವರಲ್ಲ. ತಿಂಗಳುಗಟ್ಟಲೆ ಆ ಹೆಂಗಸರ ಜೊತೆ ಇದ್ದು, ಅವರ ಮಾತು ಕೇಳಿ, ಯಾವುದನ್ನು ತೋರಿಸಬೇಕು ಎಂಬುದನ್ನು ಅವರೊಡನೆ ಚರ್ಚಿಸಿ ಆಮೇಲೆ ಕ್ಯಾಮೆರಾ ಎತ್ತಿದರು. ಫಿಲ್ಮ್ 16 ಎಂಎಂ, ಕಪ್ಪು ಬಿಳುಪು. ವಖಾರಿಯೊಳಗೆ ಬೆಳಕು ಕಡಿಮೆ, ತಂಬಾಕಿನ ಧೂಳು ಹೆಚ್ಚು. ಧೂಳು ಕಾಣಬೇಕಾದರೆ ಬೆಳಕು ಒಂದು ಕಡೆಯಿಂದ ಓರೆಯಾಗಿ ಬೀಳಬೇಕು ಎಂಬುದು ಚಿತ್ರಕಲೆ ಕಲಿತವರಿಗೆ ಹೇಳಿಕೊಡಬೇಕಾದ ವಿಷಯವಲ್ಲ. ಈ ಚಿತ್ರದಲ್ಲಿ ಧೂಳು ಅಲಂಕಾರಕ್ಕಾಗಿ ಇಲ್ಲ. ಅದು ಆ ಹೆಂಗಸರ ಶ್ವಾಸಕೋಶಕ್ಕೆ ಹೋಗುತ್ತಿರುವ ಪದಾರ್ಥ. ಹೆಸರಿನಲ್ಲಿರುವ ‘ಊಬ್’ ಎಂಬುದಕ್ಕೆ ಮರಾಠಿಯಲ್ಲಿ ಕಾವು, ಬಿಸುಪು ಎಂದರ್ಥ. ಮೇಲೆ ಉರಿ ಕಾಣದಿದ್ದರೂ ಒಳಗೇ ಕಾವೇರುವುದು.

ಇಲ್ಲಿಯೇ ನಾನು ಮೊದಲು ಹೇಳಿದ ಹಕ್ಕಿನ ಪ್ರಶ್ನೆ ಬರುವುದು. ಬೋರುಂದಾದಲ್ಲಿ ಮುಖ ಎಲ್ಲಿ ನಿಲ್ಲಬೇಕೆಂದು ಹೇಳುತ್ತಿದ್ದ ಕಣ್ಣು ನಿಪ್ಪಾಣಿಯಲ್ಲಿ ಅದೇ ಮಾತನ್ನು ಹೇಳುವ ಹಾಗಿಲ್ಲ. ಸಾಲಾಗಿ ಕೂತು ದುಡಿಯುವ ಹೆಂಗಸರ ನಡುವೆ, ಮಾಲೀಕನ ಜಾಗದಲ್ಲಿ, ಹೊರಗಿನ ಗಂಡಸೊಬ್ಬ ಕ್ಯಾಮೆರಾ ಹಿಡಿದು ನಿಂತಿದ್ದಾನೆ. ಹೆಚ್ಚು ಹತ್ತಿರ ಹೋದರೆ ದಿಟ್ಟಿಸಿದಂತೆ. ದೂರ ನಿಂತರೆ ಮೇಸ್ತ್ರಿಯ ನೋಟವಾಗಿಬಿಡುತ್ತದೆ. ಎಷ್ಟು ಅಂತರ ಸರಿ ಎಂಬುದನ್ನು ತೀರ್ಮಾನಿಸುವವರು ಕೂತಿರುವ ಹೆಂಗಸರೇ ಆಗಬೇಕಾಗುತ್ತದೆ. ಆ ಒಪ್ಪಿಗೆ ಬರುವುದಕ್ಕೆ ಬೇಕಾದದ್ದು ಸಮಯ. ತಿಂಗಳುಗಳ ಒಡನಾಟ ಅಂದೆನಲ್ಲ, ಅದು ಸಂಶೋಧನೆಗೆ ಮಾತ್ರವಲ್ಲ, ಚೌಕಟ್ಟಿಗೂ ಬೇಕಾಗಿತ್ತು. ಆ ಹೆಂಗಸರು ಕ್ಯಾಮೆರಾದ ಕಡೆ ನೋಡುವಾಗ ಅಂಜಿಕೆಯೂ ಇಲ್ಲ, ಪ್ರದರ್ಶನವೂ ಇಲ್ಲ. ಪರಿಚಯದವರನ್ನು ನೋಡುವ ಹಾಗೆ ನೋಡುತ್ತಾರೆ.

ತಂಡ ಒಂದೇ ವಿಧಾನಕ್ಕೆ ಅಂಟಿಕೊಳ್ಳಲಿಲ್ಲ ಎಂಬುದನ್ನೂ ಗಮನಿಸಬೇಕು. ಪುಣೆಯಲ್ಲಿ ಮನೆಗೆಲಸದವರು ತಮ್ಮ ಚೌಕಾಸಿಯ, ಜಗಳದ ಸಂದರ್ಭಗಳನ್ನು ತಾವೇ ಮತ್ತೆ ಅಭಿನಯಿಸಿದರು. ಹೈದರಾಬಾದಿನಲ್ಲಿ ಸಂಘಟನೆಯ ಸದಸ್ಯೆಯರೇ ಕಥೆ ಕಟ್ಟಿ ಪಾತ್ರವಾದರು. ಸಾಕ್ಷ್ಯಚಿತ್ರವೆಂದರೆ ನಡೆದದ್ದನ್ನು ನಡೆದ ಹಾಗೆ ಹಿಡಿಯುವುದು ಎಂಬ ಪಠ್ಯಪುಸ್ತಕದ ವ್ಯಾಖ್ಯೆಗೆ ಇದು ಒಗ್ಗುವುದಿಲ್ಲ. ಆದರೆ ಆಗ ಹೆಚ್ಚಿನ ಜನಕ್ಕೆ ಸಾಕ್ಷ್ಯಚಿತ್ರ ಎಂದರೆ ಗೊತ್ತಿದ್ದದ್ದು ಥಿಯೇಟರಿನಲ್ಲಿ ಸಿನಿಮಾಕ್ಕೆ ಮುಂಚೆ ಕಡ್ಡಾಯವಾಗಿ ಹಾಕುತ್ತಿದ್ದ ಫಿಲ್ಮ್ಸ್ ಡಿವಿಜನ್ ರೀಲು: ಅಣೆಕಟ್ಟು, ಮಂತ್ರಿ, ನೆರೆ ಪರಿಹಾರ, ಮೇಲಿನಿಂದ ಒಂದು ಗಂಭೀರ ಗಂಡು ದನಿ. ಅದರ ಎದುರಿಗೆ ಕೂಲಿ ಹೆಂಗಸು ತನ್ನ ಕಥೆಯನ್ನು ತಾನೇ ನಟಿಸಿ ತೋರಿಸುವುದು ಹೆಚ್ಚು ನಿಜವಾದ ದಾಖಲೆ ಎಂದು ನನಗನ್ನಿಸುತ್ತದೆ. ಮುಗಿದ ಚಿತ್ರಗಳನ್ನು ಪ್ರೊಜೆಕ್ಟರ್ ಹೊತ್ತು ಯೂನಿಯನ್ನುಗಳಿಗೆ, ಮಹಿಳಾ ಸಂಘಗಳಿಗೆ ಒಯ್ದು ತೋರಿಸಿದರು. ನೋಡಿದ ಮೇಲೆ ಚರ್ಚೆ. ಚಿತ್ರ ಸಂಘಟನೆಯ ಕೆಲಸದ ಒಂದು ಭಾಗವಾಯಿತು.

ಯುಗಾಂತರದ ಕಾಲ ಮುಗಿದ ಮೇಲೂ ಕಾಂಟ್ರಾಕ್ಟರ್ ಕ್ಯಾಮೆರಾ ಈ ದಾರಿ ಬಿಡಲಿಲ್ಲ. 1984ರ ಆಗಸ್ಟಿನಲ್ಲಿ ಆಂಧ್ರದ ರಾಜ್ಯಪಾಲರು ಎನ್.ಟಿ. ರಾಮರಾವ್ ಸರ್ಕಾರವನ್ನು ವಜಾ ಮಾಡಿದ್ದು, ಅವರ ಶಾಸಕರನ್ನು ಕರ್ನಾಟಕದಲ್ಲಿ ಇರಿಸಿಕೊಂಡಿದ್ದು ಹಳಬರಿಗೆ ನೆನಪಿರಬಹುದು. ಆ ಅಧಿಕಾರದ ಎಳೆದಾಟದ ನಡುವೆಯೇ ಹೈದರಾಬಾದಿನ ಹಳೆಯ ನಗರದಲ್ಲಿ ಕೋಮುಗಲಭೆ ಹತ್ತಿಕೊಂಡಿತು. ದೀಪಾ ಧನರಾಜ್ ಅವರ ‘ಕ್ಯಾ ಹುವಾ ಇಸ್ ಶಹರ್ ಕೋ?’ (1986) ಆ ಗಲಭೆಯ ಬೇರುಗಳನ್ನು ಹುಡುಕಿತು. 1991ರ ‘ಸಮ್‌ಥಿಂಗ್ ಲೈಕ್ ಎ ವಾರ್’ ಕುಟುಂಬ ಯೋಜನೆಯ ಹೆಸರಿನಲ್ಲಿ ಹೆಣ್ಣಿನ ದೇಹದ ಮೇಲೆ ನಡೆದದ್ದನ್ನು ತೋರಿಸಿತು. ಎರಡಕ್ಕೂ ಛಾಯಾಗ್ರಹಣ ಕಾಂಟ್ರಾಕ್ಟರ್ ಅವರದು. ಎರಡನೆಯ ಚಿತ್ರದಲ್ಲಿ ಒಂದು ಕಡೆ ಶಸ್ತ್ರಚಿಕಿತ್ಸೆಯ ಶಿಬಿರ, ಹೆಂಗಸರನ್ನು ಸಾಲಾಗಿ ಮಲಗಿಸಿ ಕ್ಷಣಗಳಲ್ಲಿ ಮುಗಿಸುವ ಆಪರೇಷನ್ನು. ಇನ್ನೊಂದು ಕಡೆ ಹಳ್ಳಿಯ ಹೆಂಗಸರು ಕೂತು ಹೆಣ್ಣಿನ ದೇಹದ ರೇಖೆಯನ್ನು ತಾವೇ ಬರೆದು, ಅದರ ಬಗ್ಗೆ ಮುಜುಗರವಿಲ್ಲದೆ ಮಾತಾಡುತ್ತಾರೆ. ಚಿತ್ರ ಬರೆಯುವ ಕೈ ಈಗ ಕ್ಯಾಮೆರಾದ ಮುಂದಿನವರದು. ಕಲಾಶಾಲೆಯಿಂದ ಬಂದ ಕ್ಯಾಮೆರಾಮನ್ ಅದನ್ನು ಹಿಡಿಯುವುದರಲ್ಲಿ ಇಪ್ಪತ್ತು ವರ್ಷದ ಪಯಣವೇ ಕಾಣುತ್ತದೆ.

ಮುಂದೆ, 2000ದ ನಂತರ, ಕಾಂಟ್ರಾಕ್ಟರ್ ತಾವೇ ನಿರ್ದೇಶಿಸಿದ ಚಿತ್ರ ‘ಝಾಡೂ ಕಥಾ’. ಪೊರಕೆಯ ಕಥೆ. ಬೋರುಂದಾದಲ್ಲಿ ವಿಜಯದಾನ್ ದೇಥಾ ಮತ್ತು ಕೋಮಲ್ ಕೊಠಾರಿ ಕಟ್ಟಿದ ರೂಪಾಯನ್ ಸಂಸ್ಥಾನ್ ಜೋಧಪುರದ ಹತ್ತಿರ ಮರುಭೂಮಿಯ ಬದುಕಿನ ಮ್ಯೂಸಿಯಂ ಮಾಡಿ, ಅದರಲ್ಲಿ ಪೊರಕೆಗಳನ್ನು ಇಟ್ಟಿತು. ಯಾವ ಹುಲ್ಲು, ಯಾರು ಕೊಯ್ಯುತ್ತಾರೆ, ಯಾವ ಜಾತಿಯವರು ಕಟ್ಟುತ್ತಾರೆ, ಕಟ್ಟಿದವರ ಮನೆಯೊಳಗೆ ಏನಿದೆ ಎಂದು ಕೇಳುತ್ತಾ ಹೋದರೆ ಪೊರಕೆಯಿಂದಲೇ ಒಂದು ಸಮಾಜದ ಮೇಲು ಕೀಳು ಬಿಚ್ಚಿಕೊಳ್ಳುತ್ತದೆ. ‘ದುವಿಧಾ’ದ ನೆಲಕ್ಕೇ ಮರಳಿದ ಚಿತ್ರ ಇದು. ಬರೋಡಾದ ಪಾಠವೂ ಇದರಲ್ಲಿದೆ. ದಿನಬಳಕೆಯ ವಸ್ತುವನ್ನು ಕಲೆಯಾಗಿ ನೋಡುವ ಕಣ್ಣು ಹಾಗೆಯೇ ಉಳಿದಿದೆ, ಅದನ್ನು ಮಾಡಿದ ಕೈಯನ್ನು ಮರೆಯದಷ್ಟು ಮಾಗಿದೆ.

ನಾನಿರುವ ಸತ್ಯಮಂಗಲ ತುಮಕೂರು ನಗರದ ಅಂಚಿನಲ್ಲಿದೆ. ಪಕ್ಕದಲ್ಲೇ ಕೈಗಾರಿಕಾ ಪ್ರದೇಶ. ಪಾಳಿ ಬಿಟ್ಟ ಹೊತ್ತಿಗೆ ರಸ್ತೆ ತುಂಬ ಜನ. ಎಲ್ಲರ ಕೈಯಲ್ಲೂ ಫೋನು, ಅದರಲ್ಲಿ ಬೋಲೆಕ್ಸ್‌ಗಿಂತ ನೂರು ಪಾಲು ಸುಲಭದ ಕ್ಯಾಮೆರಾ. ಕೀ ಕೊಡಬೇಕಿಲ್ಲ, ಸುರುಳಿ ಮುಗಿಯುವ ಭಯವಿಲ್ಲ. ಆದರೂ ಆ ಕಾರ್ಖಾನೆಗಳ ಒಳಗಿನ ದುಡಿಮೆಯ ಚಿತ್ರ ನಮಗೆ ಕಾಣಸಿಗುವುದು ಅಪರೂಪ. ಬಾಗಿಲ ಒಳಗೆ ಹೋಗುವುದು ಈಗಲೂ ಯಂತ್ರದ ಪ್ರಶ್ನೆಯಲ್ಲ. ಒಳಗಿರುವವರ ಜೊತೆ ಎಷ್ಟು ದಿನ ಕೂರಲು ನಾವು ತಯಾರಿದ್ದೇವೆ, ಅವರು ಬೇಡವೆಂದರೆ ಕ್ಯಾಮೆರಾ ಇಳಿಸುತ್ತೇವೆಯೇ ಎಂಬ ಪ್ರಶ್ನೆ.

ಇನ್ನೊಂದು ಮಾತು ನಮ್ಮ ಚರಿತ್ರೆ ಬರವಣಿಗೆಗೆ ಸಂಬಂಧಿಸಿದ್ದು. ಯುಗಾಂತರದ ಚಿತ್ರಗಳನ್ನು ದಶಕಗಳ ನಂತರ ಉಳಿಸಿ, ಡಿಜಿಟಲ್ ರೂಪಕ್ಕೆ ತಂದದ್ದು ಬರ್ಲಿನ್‌ನ ‘ಆರ್ಸೆನಲ್’ ಸಂಸ್ಥೆ, ವಿದ್ವಾಂಸೆ ನಿಕೋಲ್ ವುಲ್ಫ್ ಅವರ ಮುತುವರ್ಜಿಯಿಂದ. ಬೆಂಗಳೂರಿನ ತಂಡ ಕರ್ನಾಟಕದ ಕೂಲಿ ಹೆಂಗಸರ ಬಗ್ಗೆ ಮಾಡಿದ ಚಿತ್ರ ಹಾಗೆ ಉಳಿಯಿತು. ಅದು ಮರಾಠಿಯಲ್ಲಿದೆ ಎಂಬ ಕಾರಣಕ್ಕೆ ಕನ್ನಡ ಸಿನಿಮಾದ ಪಟ್ಟಿಗೆ ಸೇರುವುದಿಲ್ಲ. ಅರ್ಧ ಗಂಟೆಯದಾದ್ದರಿಂದ ‘ಸಿನಿಮಾ’ ಎನಿಸಿಕೊಳ್ಳುವುದಿಲ್ಲ. ತಂಡದ ಕೆಲಸವಾದ್ದರಿಂದ ಒಬ್ಬ ದೊಡ್ಡ ನಿರ್ದೇಶಕನ ಅಧ್ಯಾಯಕ್ಕೂ ಹೊಂದುವುದಿಲ್ಲ. ಸಾಹಿತ್ಯದ ಕಪಾಟಿನಿಂದಲೇ ಸಿನಿಮಾದ ಚರಿತ್ರೆ ಬರೆದರೆ ಹೀಗೆ ಎಷ್ಟೋ ಬಾಗಿಲುಗಳು ಮುಚ್ಚಿಯೇ ಇರುತ್ತವೆ. ನಿಪ್ಪಾಣಿಯ ಚಿತ್ರಕ್ಕೆ ಒಂದು ಕನ್ನಡ ಅಡಿಬರಹ ಬರೆಯುವುದು ದೊಡ್ಡ ಖರ್ಚಿನ ಕೆಲಸವಲ್ಲ. ಅದನ್ನು ಕಾಲೇಜಿನ ಫಿಲ್ಮ್ ಕ್ಲಬ್ಬಿನಲ್ಲಿ, ಬೀಡಿ ಕಾರ್ಮಿಕರ ಕಾಲೊನಿಯಲ್ಲಿ, ಗಾರ್ಮೆಂಟ್ಸ್ ಯೂನಿಯನ್ನಿನ ಸಭೆಯಲ್ಲಿ ಹಾಕಬಹುದು. ನೋಡಿದ ಮೇಲೆ ಚರ್ಚೆಗೆ ಕೂರಬೇಕು, ಏಕೆಂದರೆ ಆ ಚಿತ್ರ ಮಾಡಿದ್ದೇ ಅದಕ್ಕಾಗಿ.